“ನಂಗೆ ರ‍್ಯಾಪ್ ಆಗಲ್ಲ, ಆದ್ರೆ ಇದು ಬೇರೆ ಲೆವೆಲ್ಲು”

ಮೊನ್ನೆ ಶನಿವಾರ ರಾತ್ರಿ ಹಳೇ ಕ್ಲಾಸ್‌ಮೇಟ್ ಒಬ್ಬನ ರೂಮಿನಲ್ಲಿ ನಾಲ್ಕು ಜನ ಸೇರಿದ್ದೆವು. ಊಟ ಆಗಿತ್ತು, ಹೊರಗೆ ಜಿಟಿಜಿಟಿ ಮಳೆ. ಆತಿಥೇಯ ಮಹಾಶಯ ಹೊಸದಾಗಿ ಕೊಂಡ ಸ್ಪೀಕರಿನ ಪ್ರತಾಪ ತೋರಿಸೋಕೆ ಅಂತ ಒಂದು ಆಲ್ಬಂ ಹಾಕಿದ. ಹತ್ತು ಸೆಕೆಂಡಿನಲ್ಲೇ ಗುರುತು ಸಿಕ್ಕಿತು. ‘ಮ್ಯಾಡ್‌ವಿಲನಿ’! ನನಗೋ ಖುಷಿಯೋ ಖುಷಿ. ಇವನೂ ನಮ್ಮ ಪೈಕಿಯೇ ಅಂದುಕೊಳ್ಳುವಷ್ಟರಲ್ಲಿ ಅವನು ಬಾಯಿ ಬಿಟ್ಟ. “ನೋಡು ಮಾರಾಯ, ನಂಗೆ ಈ ರ‍್ಯಾಪ್ ಗೀಪ್ ಎಲ್ಲಾ ಆಗಲ್ಲ. ಆದ್ರೆ ಇದು ಬೇರೆ ಲೆವೆಲ್ಲು. ಇದು ರ‍್ಯಾಪೇ ಅಲ್ಲ, ಆರ್ಟು.”

ಎಲ್ಲಿತ್ತೋ ಸಿಟ್ಟು, ನೆತ್ತಿಗೇರಿತು. ಅಲ್ಲಿಂದ ಮುಂದೆ ನಾನೊಬ್ಬನೇ ಮುಕ್ಕಾಲು ಗಂಟೆ ಮಾತಾಡಿದೆನಂತೆ. ಆಲ್ಬಂ ಇರೋದೇ 46 ನಿಮಿಷ. ಅಂದರೆ ಆವತ್ತು ಯಾರಿಗೂ ಒಂದು ಹಾಡೂ ನೆಟ್ಟಗೆ ಕೇಳಿಸಲಿಲ್ಲ :-) ಬರುವಾಗ ಇನ್ನೊಬ್ಬ ಗೆಳೆಯ ಕೇಳಿದ, “ಅಲ್ಲಾ, ಅವನು ನಿನ್ನ ಪ್ರೀತಿಯ ಆಲ್ಬಮ್ಮನ್ನ ಹೊಗಳ್ತಾ ಇದ್ದ. ನೀನ್ಯಾಕೆ ಹಂಗೆ ಉರ್ಕೊಂಡೆ?”

ಒಳ್ಳೇ ಪ್ರಶ್ನೆ. ರಾತ್ರಿ ಉತ್ತರ ಹೊಳೆಯಲಿಲ್ಲ. ಈಗ ಬರೀತಾ ಇದೀನಿ.

ಗೊತ್ತಿಲ್ಲದವರಿಗೆ ಸ್ವಲ್ಪ ಹಿನ್ನೆಲೆ. ಮ್ಯಾಡ್‌ವಿಲನ್ ಅನ್ನೋದು ಇಬ್ಬರ ಜೋಡಿ. ಮಾತು ಎಂ.ಎಫ್. ಡೂಮ್‌ನದು, ಬೀಟು ಮ್ಯಾಡ್‌ಲಿಬ್‌ನದು. ಡೂಮ್‌ನ ಅಪ್ಪ ಅಮ್ಮ ಇಟ್ಟ ಹೆಸರು ಡೇನಿಯಲ್ ಡುಮಿಲೆ. 1971ರಲ್ಲಿ ಲಂಡನ್ನಿನಲ್ಲಿ ಹುಟ್ಟಿ, ನ್ಯೂಯಾರ್ಕಿನ ಲಾಂಗ್ ಐಲೆಂಡಿನಲ್ಲಿ ಬೆಳೆದವನು. ಮಾರ್ವೆಲ್ ಕಾಮಿಕ್ಸಿನ ಖಳನಾಯಕ ಡಾಕ್ಟರ್ ಡೂಮ್‌ನ ಥರ ಲೋಹದ ಮುಖವಾಡ ಹಾಕ್ಕೊಂಡೇ ಸ್ಟೇಜಿಗೆ ಬರ್ತಿದ್ದ. ತನ್ನ ಹೆಸರನ್ನ ಇಂಗ್ಲಿಷಿನ ದೊಡ್ಡಕ್ಷರಗಳಲ್ಲೇ ಬರೀಬೇಕು ಅಂತ ಇದೇ ಆಲ್ಬಮ್ಮಿನ ಒಂದು ಹಾಡಿನಲ್ಲಿ ತಾಕೀತು ಮಾಡಿದ್ದಾನೆ. ಕನ್ನಡಕ್ಕೆ ದೊಡ್ಡಕ್ಷರ ಸಣ್ಣಕ್ಷರದ ರಗಳೆ ಇಲ್ಲದ್ದರಿಂದ ನಾನು ಬಚಾವ್. ಮ್ಯಾಡ್‌ಲಿಬ್ ಅಂದರೆ ಓಟಿಸ್ ಜಾಕ್ಸನ್ ಜೂನಿಯರ್, ಕ್ಯಾಲಿಫೋರ್ನಿಯಾದ ಆಕ್ಸ್‌ನಾರ್ಡ್ ಊರಿನವನು. ಸ್ಟೋನ್ಸ್ ಥ್ರೋ ಅನ್ನೋ ಸಣ್ಣ ಕಂಪನಿ 2004ರ ಮಾರ್ಚ್ 23ರಂದು ಇದನ್ನ ಹೊರಗೆ ತಂತು. 22 ತುಣುಕುಗಳು, ಬಹುಪಾಲು ಮೂರು ನಿಮಿಷದೊಳಗೇ ಮುಗಿಯುವಂಥವು. ಪಲ್ಲವಿ ಅನ್ನೋದು ಹೆಚ್ಚುಕಮ್ಮಿ ಇಲ್ಲವೇ ಇಲ್ಲ. ಶುರು ಆಯ್ತು ಅನ್ನುವಷ್ಟರಲ್ಲಿ ಹಾಡು ಎದ್ದು ಹೋಗಿರುತ್ತೆ.

ವಿಮರ್ಶಕರು ತಲೆ ಮೇಲೆ ಹೊತ್ತುಕೊಂಡರು. ಪಿಚ್‌ಫೋರ್ಕ್ ಹತ್ತಕ್ಕೆ 9.4 ಕೊಟ್ಟಿತು. ಎಲ್ಲರ ಅಂಕ ಕೂಡಿಸಿ ಸರಾಸರಿ ತೆಗೆಯೋ ಮೆಟಾಕ್ರಿಟಿಕ್‌ನಲ್ಲಿ ನೂರಕ್ಕೆ 93. ಅಂಕ ಕೊಡೋದರಲ್ಲಿ ಹಳೇ ಕಾಲದ ಮೇಷ್ಟ್ರ ಹಾಗಿದ್ದ ರಾಬರ್ಟ್ ಕ್ರಿಸ್ಟ್‌ಗೌ ಕೂಡ ಎ ಮೈನಸ್ ಕೊಟ್ಟ. ‘ದಿ ನ್ಯೂಯಾರ್ಕರ್’ನಂಥ ಸೂಟುಬೂಟಿನ ಪತ್ರಿಕೆಯಲ್ಲಿ ಸಾಶಾ ಫ್ರೀರ್-ಜೋನ್ಸ್ ಇದರ ಬಗ್ಗೆ ಬರೆದ. 2020ರಲ್ಲಿ ರೋಲಿಂಗ್ ಸ್ಟೋನ್ ಪತ್ರಿಕೆ ಸಾರ್ವಕಾಲಿಕ ಶ್ರೇಷ್ಠ 500 ಆಲ್ಬಮ್ಮುಗಳ ಪಟ್ಟಿ ಪರಿಷ್ಕರಿಸಿದಾಗ 365ನೇ ಜಾಗ ಸಿಕ್ಕಿತು. ಇಷ್ಟಾಗಿಯೂ ಬಿಡುಗಡೆಯಾದ ಕಾಲಕ್ಕೆ ಬಿಲ್‌ಬೋರ್ಡ್ 200ರಲ್ಲಿ ಅದು ಹತ್ತಿದ ಅತಿ ಎತ್ತರದ ಮೆಟ್ಟಿಲು ಯಾವುದು ಗೊತ್ತಾ? 179.

ಅಂದರೆ ನನ್ನ ತಕರಾರು “ಅಯ್ಯೋ ಯಾರೂ ಗುರುತಿಸಲಿಲ್ಲ” ಅನ್ನೋ ಮಾಮೂಲಿ ಗೋಳಲ್ಲ. ಗುರುತಿಸಿದರು, ಬೇಕಾದಷ್ಟು. ಯಾವ ಕಾರಣಕ್ಕೆ ಗುರುತಿಸಿದರು ಅನ್ನೋದೇ ನನ್ನ ತಲೆನೋವು.

ಈ ಆಲ್ಬಮ್ಮಿನ ಬಗ್ಗೆ ಬಂದದ್ದನ್ನೆಲ್ಲ ಒಂದಷ್ಟು ಓದಿ ನೋಡಿ. ಕೆಲವು ಪದಗಳು ಮದುವೆಮನೆ ಸಾರಿನ ಹಾಗೆ ಎಲ್ಲರ ಎಲೆಗೂ ಬಂದು ಬೀಳ್ತವೆ. ಅಮೂರ್ತ. ಹೊಗೆ ತುಂಬಿದ. ವಿಲಕ್ಷಣ. ಅರೆನಿದ್ರೆಯ. ಪ್ರಜ್ಞಾಪ್ರವಾಹ. ಒಂದೊಂದನ್ನೇ ತಗೊಂಡರೆ ತಪ್ಪೇನಿಲ್ಲ, ಹೊಗಳಿಕೆಯೇ. ಒಟ್ಟಿಗೆ ಇಟ್ಟು ನೋಡಿದರೆ ಬರುವ ಚಿತ್ರ ಏನು? ಇಬ್ಬರು ಮಹಾನುಭಾವರು ಗಾಂಜಾ ಸೇದ್ಕೊಂಡು ಕೂತಿದ್ದರು, ಬಾಯಿಗೆ ಬಂದದ್ದು ಹೇಳಿದರು, ಕೈಗೆ ಸಿಕ್ಕಿದ್ದು ಬಾರಿಸಿದರು, ದೇವರ ದಯೆಯಿಂದ ಮಹಾಕೃತಿ ಆಗಿಹೋಯ್ತು! ಗಾಂಜಾದ ಬಗ್ಗೆ ಒಂದು ಹಾಡು ಇರೋದು ನಿಜ. ಸೇದಿದ್ದೂ ನಿಜವೇ ಇರಬಹುದು. ನಮ್ಮ ಎಷ್ಟೋ ತತ್ವಪದಕಾರರ ಸುತ್ತಲೂ ಚಿಲುಮೆಯ ಹೊಗೆ ಇತ್ತು. ಆ ಹೊಗೆಯೇ ಪದ ಕಟ್ಟಿತು ಅಂತ ಯಾರಾದರೂ ಹೇಳಿದರೆ ಒಪ್ತೀವಾ?

ಇಲ್ಲಿ ನನ್ನದೂ ಒಂದು ತಪ್ಪೊಪ್ಪಿಗೆ ಇದೆ. ಇಂಜಿನಿಯರಿಂಗ್ ಹಾಸ್ಟೆಲಿನಲ್ಲಿ ಇದನ್ನ ಮೊದಲು ಕೇಳಿದಾಗ ನಾನೂ ಥೇಟ್ ನನ್ನ ಗೆಳೆಯನ ಮಾತನ್ನೇ ಆಡ್ಕೊಂಡು ತಿರುಗುತ್ತಿದ್ದೆ. ಪಕ್ಕದ ರೂಮಿನವರು ಚಾರ್ಟಿನ ರ‍್ಯಾಪ್ ಹಾಕಿದರೆ ಮೂಗು ಮುರಿಯೋದು, “ಇದಲ್ಲ ಕಣ್ರೋ, ಡೂಮ್ ಕೇಳಿ” ಅನ್ನೋದು. ಡೂಮ್ ಏನು ಹೇಳ್ತಿದ್ದಾನೆ ಅಂತ ನನಗೆ ಅರ್ಧಕ್ಕರ್ಧ ಗೊತ್ತಿರಲಿಲ್ಲ. ಗೊತ್ತಿಲ್ಲದೇ ಇರೋದೇ ಅದರ ಘನತೆ ಅಂದುಕೊಂಡಿದ್ದೆ. ಆ ಆಲ್ಬಂ ನನಗೆ ಸಂಗೀತಕ್ಕಿಂತ ಹೆಚ್ಚಾಗಿ ಒಂದು ಐಡಿ ಕಾರ್ಡ್ ಆಗಿತ್ತು. ಕೊರಳಿಗೆ ತಗಲಿಸ್ಕೊಂಡರೆ ಗೇಟು ತೆಗೀತಾರೆ.

ಕಣ್ಣು ತೆರೆದದ್ದು ಎಕ್ಸೆಲ್ಲಿನಿಂದ. ನಗಬೇಡಿ. ಕೆಲಸಕ್ಕೆ ಸೇರಿದ ಹೊಸದರಲ್ಲಿ ತಿಂಗಳುಗಟ್ಟಲೆ ಬೆಂಚಿನ ಮೇಲೆ ಕೂತಿದ್ದೆ, ಮಾಡೋಕೆ ಕೆಲಸ ಇರಲಿಲ್ಲ. ಒಂದು ಮಧ್ಯಾಹ್ನ ‘ಅಕಾರ್ಡಿಯನ್’ ಹಾಡಿನ ಸಾಹಿತ್ಯವನ್ನ ಎಕ್ಸೆಲ್ ಶೀಟಿಗೆ ಹಾಕಿದೆ. ಒಂದು ಸಾಲಿಗೆ ಒಂದು ರೋ, ಒಂದು ಉಚ್ಚಾರಕ್ಕೆ ಒಂದು ಸೆಲ್. ಒಂದೇ ಸ್ವರ ಬಂದಲ್ಲೆಲ್ಲ ಒಂದೇ ಬಣ್ಣ ಬಳಿಯುತ್ತಾ ಹೋದೆ. ಸಂಜೆಗೆ ನೋಡಿದರೆ ಶೀಟು ಇಳಕಲ್ ಸೀರೆ ಸೆರಗಿನ ಹಾಗೆ ಕಾಣ್ತಿತ್ತು! ಸಾಲಿನ ಕೊನೆಯಲ್ಲಿ ಒಂದು ಪ್ರಾಸ ಇಟ್ಟು ಕೈ ತೊಳೆದುಕೊಳ್ಳೋ ಆಸಾಮಿ ಅಲ್ಲ ಇವನು. ಮೂರು ನಾಲ್ಕು ಉಚ್ಚಾರಗಳ ಒಂದು ಗೊಂಚಲು ತಗೊಳ್ತಾನೆ, ಅದೇ ಗೊಂಚಲಿನ ಸ್ವರಗಳನ್ನ ಬೇರೆ ಪದಗಳಲ್ಲಿ ಮುಂದಿನ ಸಾಲಿಗೆ ದಾಟಿಸ್ತಾನೆ, ಅಲ್ಲಿಂದ ಇನ್ನೊಂದಕ್ಕೆ. ಕೆಲವೊಮ್ಮೆ ಪ್ರಾಸ ಬೀಳಬೇಕಾದ ಜಾಗದಲ್ಲಿ ಬೇಕಂತಲೇ ಬೀಳಿಸಲ್ಲ, ಅರ್ಧ ತಾಳ ಆದಮೇಲೆ ನಾವು ಮರೆತಿರುವಾಗ ಬೀಳಿಸ್ತಾನೆ.

ಕನ್ನಡದಲ್ಲಿ ಹೇಳೋದಾದರೆ ನಾನೇ ಒಂದು ಕಟ್ಟಿ ತೋರಿಸ್ತೀನಿ. “ಹಾಲಿನ ಪ್ಯಾಕೆಟ್ಟು ಒಡೀತು, ಸಾಲದ ರಾಕೆಟ್ಟು ಸಿಡೀತು.” ಕವಿತೆ ಅಂತ ಅಲ್ಲ, ಸುಮ್ನೆ ಲೆಕ್ಕಕ್ಕೆ. ಇಲ್ಲಿ ಪದಕ್ಕೆ ಪದ ಜೊತೆಯಾಗಿದೆ ನೋಡಿ, ಹಾಲು-ಸಾಲ, ಪ್ಯಾಕೆಟ್ಟು-ರಾಕೆಟ್ಟು, ಒಡೀತು-ಸಿಡೀತು. ಇಷ್ಟು ಕಟ್ಟೋಕೆ ನನಗೆ ಒಂದು ಲೋಟ ಕಾಫಿ ಖರ್ಚಾಯ್ತು, ಅರ್ಥ ಮಾತ್ರ ಬರೀ ತಮಾಷೆ. ಇದೇ ಸಾಂದ್ರತೆಯನ್ನ ಡೂಮ್ ಸಾಲು ಸಾಲಾಗಿ ಉಳಿಸ್ಕೊಂಡು, ಅದರೊಳಗೆ ಜೋಕು, ಜಂಬ, ಬೆದರಿಕೆ, ದುಃಖ ಎಲ್ಲವನ್ನೂ ತುಂಬ್ತಾನೆ. ಅರ್ಥ ಒಂದು ಕಡೆಯಿಂದ ಇನ್ನೊಂದು ಕಡೆಗೆ ಹಾರ್ತಾ ಇದ್ದರೂ ನಾವು ಕೆಳಗೆ ಬೀಳದಿರೋದು ಸದ್ದಿನ ಹಗ್ಗ ಗಟ್ಟಿ ಇರೋದರಿಂದ. ಇದನ್ನ ಪ್ರಜ್ಞಾಪ್ರವಾಹ ಅಂತೀರಾ? ಪ್ರವಾಹ ಹೀಗೆ ಲೆಕ್ಕ ಹಾಕ್ಕೊಂಡು ಹರಿಯೋದನ್ನ ನಾನಂತೂ ನೋಡಿಲ್ಲ.

ಇದು ಕನ್ನಡದವರಿಗೆ ಬೇಗ ಹೊಳೀಬೇಕಿತ್ತು ಅನ್ನೋದೇ ನನ್ನ ಹೊಟ್ಟೆಉರಿ. ಪಾದದ ಎರಡನೇ ಅಕ್ಷರ ಕೂಡಲೇಬೇಕು ಅಂತ ಶತಮಾನಗಳ ಕಾಲ ಹಟ ಹಿಡಿದ ಜನ ನಾವು. ಪ್ರಾಸದಲ್ಲೇ ಆರು ಬಗೆ ಮಾಡಿ, ಸಿಂಹ, ಗಜ, ವೃಷಭ, ಅಜ, ಶರಭ, ಹಯ ಅಂತ ಇಡೀ ಮೃಗಾಲಯದ ಹೆಸರಿಟ್ಟವರು. (ನನ್ನ ಹಾಲಿನ ಪ್ಯಾಕೆಟ್ಟಿನಲ್ಲೂ ಎರಡನೇ ಅಕ್ಷರ ‘ಲ’ಕಾರ ಕೂಡಿದೆ. ಗಮನಿಸಿದಿರಾ? ಆಕಸ್ಮಿಕ ಅಂತ ಹೇಳಿದರೆ ನಂಬಬೇಡಿ.) ಆಮೇಲೆ ಇಪ್ಪತ್ತನೇ ಶತಮಾನದ ಆರಂಭದಲ್ಲಿ ಗೋವಿಂದ ಪೈಗಳು ಪ್ರಾಸದ ಕಟ್ಟು ಬಿಚ್ಚಿದರು. ಆವಾಗ ಅದು ಬೇಕಾಗಿತ್ತು, ತಕರಾರಿಲ್ಲ. ಆದರೆ ಬರ್ತಾ ಬರ್ತಾ ನಮ್ಮ ಓದಿದವರಿಗೆ ಪ್ರಾಸ ಅಂದರೆ ಶಿಶುಗೀತೆ, ಸಿನಿಮಾ ಹಾಡು, ಆಟೋ ಹಿಂದಿನ ಬರಹ, ಎಲೆಕ್ಷನ್ ಘೋಷಣೆ ಅಷ್ಟೇ ಅಂತಾಯಿತು. ಗಂಭೀರ ಕವಿ ಪ್ರಾಸ ಹಾಕಿದರೆ ‘ಪ್ರಾಸಕ್ಕೆ ತ್ರಾಸ’ ಅಂತ ನಗ್ತೀವಿ. ಹಾಗಾಗಿ ಪ್ರಾಸವೇ ಉಸಿರಾಗಿರೋ ಒಂದು ಕಲೆ ಎದುರು ಬಂದು ನಿಂತರೆ ಅದರ ಮುಖ್ಯ ಕಸುಬೇ ಕಿವಿಗೆ ಬೀಳಲ್ಲ. ಬೀಟಿನಲ್ಲಿರೋ ಜಾಝ್ ಗಂಭೀರವಾಗಿ ಕೇಳುತ್ತೆ, ಮುಖವಾಡ ಗಂಭೀರವಾಗಿ ಕಾಣುತ್ತೆ. ಅದಕ್ಕೇ “ಇದು ರ‍್ಯಾಪೇ ಅಲ್ಲ” ಅಂತ ಪ್ರಮೋಷನ್ ಕೊಟ್ಟು ಒಳಗೆ ಕರ್ಕೋತೀವಿ.

ಆಕಸ್ಮಿಕ ಅನ್ನೋ ಮಾತಿಗೆ ಇನ್ನೊಂದು ಉತ್ತರ ಈ ಆಲ್ಬಮ್ಮಿನ ಚರಿತ್ರೆಯಲ್ಲೇ ಇದೆ. 2002ರ ನವೆಂಬರಿನಲ್ಲಿ ಮ್ಯಾಡ್‌ಲಿಬ್ ಬ್ರೆಜಿಲ್‌ಗೆ ಹೋಗಿದ್ದ. ಸಾವೊ ಪಾಲೊದ ಹೋಟೆಲ್ ರೂಮಿನಲ್ಲಿ ಕೂತು, ಬಾಸ್ ಎಸ್‌ಪಿ-303 ಅನ್ನೋ ಊಟದ ಡಬ್ಬಿಗಿಂತ ಸ್ವಲ್ಪ ದೊಡ್ಡ ಸ್ಯಾಂಪ್ಲರ್, ಒಂದು ಪುಟ್ಟ ಟರ್ನ್‌ಟೇಬಲ್, ಒಂದು ಕ್ಯಾಸೆಟ್ ಡೆಕ್, ಇಷ್ಟರಲ್ಲೇ ಬೀಟುಗಳನ್ನ ಕಟ್ಟಿದ. ಅಲ್ಲೇ ಸಿಕ್ಕ ಬ್ರೆಜಿಲ್ಲಿನ ರೆಕಾರ್ಡುಗಳು ಒಳಗೆ ಬಂದವು. ಕೊನೆಯ ಹಾಡಿನಲ್ಲಿ ಮರಿಯಾ ಬೆತಾನಿಯಾಳ ದನಿಯ ತುಣುಕು ಇದೆ. ಇದೇ ಪ್ರವಾಸದ ಹೊತ್ತಿನಲ್ಲಿ ಅರ್ಧಂಬರ್ಧ ಆಗಿದ್ದ ಆಲ್ಬಮ್ಮಿನ ಡೆಮೊ ಕಳುವಾಗಿ ಇಂಟರ್‌ನೆಟ್ಟಿಗೆ ಸೋರಿಹೋಯ್ತು. ಬಿಡುಗಡೆಗೂ ಒಂದು ವರ್ಷಕ್ಕಿಂತ ಮೊದಲೇ.

ನಮ್ಮ ಕಸುಬಿನವರಿಗೆ ಇದರ ಸಂಕಟ ಗೊತ್ತಾಗುತ್ತೆ. ಟೆಸ್ಟಿಂಗ್ ಮುಗಿಯದ ಬಿಲ್ಡು ನೇರ ಗ್ರಾಹಕನ ಕೈಗೆ ಹೋದ ಹಾಗೆ. ಇಬ್ಬರಿಗೂ ಬೇಜಾರಾಗಿ ಬೇರೆ ಕೆಲಸಗಳ ಕಡೆ ತಿರುಗಿದರು. 2003ರಲ್ಲಿ ಮ್ಯಾಡ್‌ಲಿಬ್ ಜೆ ಡಿಲ್ಲಾ ಜೊತೆ ಸೇರಿ ‘ಚಾಂಪಿಯನ್ ಸೌಂಡ್’ ಮಾಡಿದ. ಡೂಮ್ ಅದೇ ವರ್ಷ ಕಿಂಗ್ ಗೀಡೋರಾ ಅಂತ ಒಂದು ಹೆಸರಲ್ಲಿ, ವಿಕ್ಟರ್ ವಾನ್ ಅಂತ ಇನ್ನೊಂದು ಹೆಸರಲ್ಲಿ ಎರಡು ಆಲ್ಬಂ ತಂದ. ಆಮೇಲೆ ವಾಪಸ್ ಬಂದು ಏನು ಮಾಡಿದ ಅಂದರೆ, ತನ್ನ ದನಿಯನ್ನ ಮತ್ತೆ ರೆಕಾರ್ಡ್ ಮಾಡಿದ. ಡೆಮೊದಲ್ಲಿ ಗಂಟಲು ಏರಿದೆ, ಹುರುಪಿದೆ, ಚುರುಕಿದೆ. ಆಲ್ಬಮ್ಮಿನಲ್ಲಿ ಅದೇ ಮಾತುಗಳು ತಗ್ಗಿದ ದನಿಯಲ್ಲಿ, ಮಧ್ಯಾಹ್ನ ಊಟ ಮಾಡಿ ಜಗುಲಿ ಮೇಲೆ ಕೂತವನ ಧಾಟಿಯಲ್ಲಿ ಬರ್ತವೆ. ಕಾಪಿ ಸಿಕ್ಕವರು ಡೆಮೊ ಕೇಳಿ ಆಗಲೇ ಕುಣಿದಾಡ್ತಿದ್ದರು. ಜನ ಮೆಚ್ಚಿದ್ದನ್ನ ಹಾಗೇ ಬಿಡುಗಡೆ ಮಾಡಿ ದುಡ್ಡು ಎಣಿಸ್ಕೊಳ್ಳಬಹುದಿತ್ತು. ಮಾಡಲಿಲ್ಲ.

ವಿಮರ್ಶಕರು ‘ನಿದ್ದೆಗಣ್ಣಿನ ಧಾಟಿ’ ಅಂತ ಮೆಚ್ಚಿಕೊಳ್ಳೋದು ಈ ದನಿಯನ್ನೇ! ಅದು ಎರಡನೇ ಸಲ ಕೂತು ಆರಿಸ್ಕೊಂಡ ದನಿ. ದನಿ ತಗ್ಗಿಸಿದಾಗ ಪ್ರಾಸಗಳು ಹಿಂದೆ ಸರೀತವೆ, ಕೇಳುವವನೇ ಮುಂದೆ ಬಗ್ಗಬೇಕಾಗುತ್ತೆ. ನನಗೆ ಶೀಟಿನಲ್ಲಿ ಬಣ್ಣ ಬಳಿಯೋವರೆಗೂ ಕಾಣದೇ ಇದ್ದದ್ದು ಇದಕ್ಕೇ. ಕಷ್ಟಪಟ್ಟದ್ದನ್ನ ಮುಚ್ಚಿಡೋಕೆ ಇನ್ನಷ್ಟು ಕಷ್ಟಪಟ್ಟವನಿಗೆ “ಆಹಾ ಎಷ್ಟು ಸಲೀಸು, ಕಷ್ಟವೇ ಪಟ್ಟಿಲ್ಲ” ಅಂತ ಬಹುಮಾನ ಕೊಟ್ಟ ಹಾಗಾಯಿತು.

ಇನ್ನು ‘ಅರ್ಥವಿಲ್ಲದ ಪದಗಳ ಮೋಜು’ ಅನ್ನೋರಿಗೆ. ‘ಫ್ಯಾನ್ಸಿ ಕ್ಲೌನ್’ ಅಂತ ಒಂದು ಹಾಡಿದೆ. ಪೂರ್ತಿ ಎರಡು ನಿಮಿಷವೂ ಇಲ್ಲ. ಒಬ್ಬ ಹುಡುಗ ತನಗೆ ಮೋಸ ಮಾಡಿದ ಹುಡುಗಿಗೆ ಬೈತಾ ಇದ್ದಾನೆ. ಅವಳು ಬೇರೆ ಯಾರ ಜೊತೆಗೋ ಓಡಾಡ್ತಾ ಇದ್ದಾಳೆ, ಆ ಇನ್ನೊಬ್ಬ ಲೋಹದ ಮುಖದವನು. ಬೈತಾ ಇರೋನು ವಿಕ್ಟರ್ ವಾನ್, ಬೈಸಿಕೊಳ್ತಾ ಇರೋನು ಡೂಮ್. ಎರಡೂ ಒಬ್ಬನೇ ಮನುಷ್ಯ! ಯಕ್ಷಗಾನದಲ್ಲಿ ಒಬ್ಬನೇ ಕಲಾವಿದ ಎರಡು ವೇಷ ಕಟ್ಟಿ ತನ್ನನ್ನ ತಾನೇ ಸಭೆಯಲ್ಲಿ ಹೀಯಾಳಿಸಿದ ಹಾಗೆ. ಹಿಂದೆ ಝೆಡ್. ಝೆಡ್. ಹಿಲ್ ಅನ್ನೋ ಹಳೇ ಸೋಲ್ ಗಾಯಕನ ಅಳು ಬರ್ತಾ ಇರುತ್ತೆ. ಕೇಳಿ ನಗು ಬರುತ್ತೆ, ಆಮೇಲೆ ಆ ಹುಡುಗನ ಹೊಟ್ಟೆಕಿಚ್ಚಿನಲ್ಲಿ ನಮ್ಮ ಯಾವುದೋ ಹಳೇ ಗಾಯ ಕೆರೆದ ಹಾಗಾಗುತ್ತೆ. ಎರಡು ನಿಮಿಷದೊಳಗೆ ಇಷ್ಟು ಅಚ್ಚುಕಟ್ಟಾಗಿ ಒಂದು ಕಥೆ ಹೇಳಿದವನನ್ನ ಅಮೂರ್ತ ಅಂತ ಕರೆದರೆ ಏನು ಮಾಡೋಣ ಹೇಳಿ?

‘ಸ್ಟ್ರೇಂಜ್ ವೇಸ್’ ಇನ್ನೊಂದು. ಬೀದಿಯಲ್ಲಿ ಪೊಲೀಸರಿಗೂ ಮಾದಕ ಮಾರೋ ಹುಡುಗರಿಗೂ ನಡೆಯೋ ಯುದ್ಧ, ಹೊರದೇಶಕ್ಕೆ ಕಳಿಸಿದ ಸೈನಿಕರ ಯುದ್ಧ, ಎರಡನ್ನೂ ಒಂದೇ ಉಸಿರಿನಲ್ಲಿ ಹೇಳೋ ಹಾಡು. ಅಮೆರಿಕ ಇರಾಕಿಗೆ ನುಗ್ಗಿ ಬರೀ ಒಂದು ವರ್ಷ ಆಗಿದ್ದಾಗ ಬಂದದ್ದು. ಈ ಆಲ್ಬಮ್ಮನ್ನ ‘ಕಾರ್ಟೂನ್ ಲೋಕ’ ಅಂತ ಮುದ್ದು ಮಾಡುವವರು ಈ ಹಾಡಿನ ಮುಂದೆ ಸ್ವಲ್ಪ ಹೊತ್ತು ನಿಲ್ಲಲಿ.

ಈಗ ಆ ‘ಅಂಡರ್‌ಗ್ರೌಂಡ್’ ಅನ್ನೋ ಪದಕ್ಕೆ ಬರೋಣ. ಕನ್ನಡದಲ್ಲಿ ಭೂಗತ ಅಂದ ಕೂಡಲೇ ಲಾಂಗು ಮಚ್ಚು ನೆನಪಾಗುತ್ತೆ, ಹಾಗಾಗಿ ಇಂಗ್ಲಿಷೇ ಇರಲಿ. ಅಂಡರ್‌ಗ್ರೌಂಡ್ ಅಂದರೆ ನಮ್ಮ ಹುಡುಗರ ಕಲ್ಪನೆಯಲ್ಲಿ ಒಂದು ವ್ರತ. ಕಲಾವಿದ ದುಡ್ಡನ್ನ ಎಡಗಾಲಲ್ಲಿ ಒದ್ದು, ಮಾರುಕಟ್ಟೆಗೆ ಬೆನ್ನು ಮಾಡಿ, ಶುದ್ಧನಾಗಿ ನೆಲಮಾಳಿಗೆಗೆ ಇಳಿದ ಅಂತ. ಡೂಮ್‌ನ ಕಥೆ ಹಾಗಿಲ್ಲ. ಮುಖವಾಡಕ್ಕಿಂತ ಮೊದಲು ಅವನು ಝೆವ್ ಲವ್ ಎಕ್ಸ್. ತಮ್ಮ ಸಬ್‌ರಾಕ್ ಜೊತೆ ಕೆಎಂಡಿ ಅನ್ನೋ ಗುಂಪು ಕಟ್ಟಿಕೊಂಡಿದ್ದ. ಎಲೆಕ್ಟ್ರಾ ಅನ್ನೋ ದೊಡ್ಡ ಕಂಪನಿಯಿಂದ 1991ರಲ್ಲಿ ಅವರ ಮೊದಲ ಆಲ್ಬಂ ಬಂತು. 1993ರಲ್ಲಿ ಸಬ್‌ರಾಕ್ ಕಾರು ಬಡಿದು ಸತ್ತ. ಅಣ್ಣ ಒಬ್ಬನೇ ಕೂತು ಎರಡನೇ ಆಲ್ಬಂ ಮುಗಿಸಿದ. ಅದರ ಮುಖಪುಟದಲ್ಲಿ, ಬಿಳಿಯರು ಕರಿಯರನ್ನ ಗೇಲಿ ಮಾಡೋಕೆ ಬಳಸ್ತಿದ್ದ ಸ್ಯಾಂಬೊ ಗೊಂಬೆಯನ್ನ ನೇಣಿಗೆ ಹಾಕೋ ಚಿತ್ರ ಇತ್ತು. ಆ ಗೇಲಿಯನ್ನೇ ಕೊಂದು ಹಾಕೋ ಚಿತ್ರ. ಅದರ ಗಲಾಟೆಯಲ್ಲಿ 1994ರಲ್ಲಿ ಕಂಪನಿ ಆಲ್ಬಮ್ಮನ್ನೂ ಕೈಬಿಟ್ಟಿತು, ಗುಂಪನ್ನೂ ಕೈಬಿಟ್ಟಿತು. ಆಮೇಲೆ ವರ್ಷಗಟ್ಟಲೆ ಅವನ ಸುದ್ದಿ ಇಲ್ಲ. 1999ರಲ್ಲಿ ‘ಆಪರೇಷನ್ ಡೂಮ್ಸ್‌ಡೇ’ ಜೊತೆ, ಮುಖ ಮುಚ್ಕೊಂಡು ವಾಪಸ್ ಬಂದ.

ನೆಲಮಾಳಿಗೆಗೆ ಅವನು ಇಳಿದದ್ದಲ್ಲ, ನೂಕಿದ್ದು. ಅಲ್ಲಿ ಬದುಕೋಕೆ ಕಲಿತ, ಅಲ್ಲಿಂದಲೇ ಇಂಥದ್ದನ್ನ ಕಟ್ಟಿದ, ಅದು ಅವನ ಛಲ. ಆ ನೂಕುವಿಕೆಯನ್ನೇ ‘ಅಂಡರ್‌ಗ್ರೌಂಡಿನ ಪಾವಿತ್ರ್ಯ’ ಅಂತ ಕರೆದು, ಅದನ್ನೇ ಬೆತ್ತ ಮಾಡ್ಕೊಂಡು ಉಳಿದ ರ‍್ಯಾಪರುಗಳ ಬೆನ್ನಿಗೆ ಬಾರಿಸೋದು ಯಾವ ನ್ಯಾಯ? 2004ರ ಫೆಬ್ರವರಿಯಲ್ಲಿ, ಅಂದರೆ ಮ್ಯಾಡ್‌ವಿಲನಿಗೆ ಆರು ವಾರ ಮೊದಲು, ಕಾನ್ಯೆ ವೆಸ್ಟ್‌ನ ‘ದಿ ಕಾಲೇಜ್ ಡ್ರಾಪ್‌ಔಟ್’ ಬಂತು. ಮೊದಲ ವಾರವೇ ನಾಲ್ಕು ಲಕ್ಷಕ್ಕೂ ಮೇಲೆ ಮಾರಾಟ. ಆ ವರ್ಷದ ‘ವಿಲೇಜ್ ವಾಯ್ಸ್’ ಪತ್ರಿಕೆಯ ವಿಮರ್ಶಕರ ಮತದಾನದಲ್ಲಿ ಮೊದಲ ಸ್ಥಾನವೂ ಅದಕ್ಕೇ. (ಕಾನ್ಯೆ ಆಮೇಲೆ ಏನೇನಾದ ಅನ್ನೋದು ಬೇರೆಯದೇ ದುರಂತ ನಾಟಕ, ಇಲ್ಲಿ ಬೇಡ.) ಹಾಸ್ಟೆಲಿನಲ್ಲಿ ನಾವು ಇವೆರಡನ್ನ ಎದುರುಬದುರು ನಿಲ್ಲಿಸ್ತಿದ್ದೆವು, ಒಂದು ಬಜಾರಿನದು, ಒಂದು ಕಲೆಯದು ಅಂತ. ಇಬ್ಬರೂ ಹಳೇ ಸೋಲ್ ರೆಕಾರ್ಡುಗಳ ಧೂಳು ಕೊಡವಿ ಬೀಟು ಕಟ್ಟಿದವರೇ. ಒಂದೇ ಬಾವಿಯ ನೀರು, ಕೊಡ ಬೇರೆ. ಡೂಮ್ ಸ್ವತಃ ರ‍್ಯಾಪನ್ನ ಬಿಟ್ಟು ಮೇಲೆ ಹೋದವನಲ್ಲ, ರ‍್ಯಾಪಿನ ಒಳಗೇ ಇನ್ನಷ್ಟು ಆಳಕ್ಕೆ ಹೋದವನು. ಹಾಡು ಹಾಡಿನಲ್ಲೂ ಅವನು ಕೆಣಕೋದು, ಲೇವಡಿ ಮಾಡೋದು, ಪಂಥ ಕಟ್ಟೋದು ಬೇರೆ ಎಂಸಿಗಳ ಜೊತೆ. ಆ ಜಗಳ ಮನೆಯೊಳಗಿನದು. ಪಕ್ಕದ ಬೀದಿಯವರು ಬಂದು “ನೀನು ಈ ಮನೆಯವನೇ ಅಲ್ಲ ಬಿಡಪ್ಪ, ಅಷ್ಟು ಒಳ್ಳೆಯವನು” ಅಂದರೆ ಅದು ಅವನ ಮನೆಯವರಿಗೆಲ್ಲ ಬೈದ ಹಾಗೆ.

ನಮಗೆ ಈ ಥರದ ಹೊಗಳಿಕೆ ಹೊಸದೇನಲ್ಲ. “ಹಳ್ಳಿಯವನಾದ್ರೂ ಇಂಗ್ಲಿಷ್ ಚೆನ್ನಾಗಿ ಮಾತಾಡ್ತೀಯ” ಅಂತ ನನ್ನ ಮೊದಲ ಟೀಮಿನಲ್ಲಿ ಒಬ್ಬರು ನನಗೆ ಹೇಳಿದ್ದರು. ನಾನು “ಥ್ಯಾಂಕ್ಯೂ” ಅಂದಿದ್ದೆ! ಮನೆಗೆ ಬಂದು ಯಾಕೋ ಅನ್ನ ಸೇರಲಿಲ್ಲ. ಶನಿವಾರ ಉರಿದದ್ದು ಬಹುಶಃ ಅದೇ ಹಳೇ ಕೆಂಡ.

ಎಲ್ಲ ವಿಮರ್ಶಕರನ್ನೂ ಒಂದೇ ಗಾಣಕ್ಕೆ ಹಾಕಿದರೆ ನನ್ನದೂ ತಪ್ಪಾಗುತ್ತೆ. ಅವರು ಬರೆಯದೇ ಇದ್ದಿದ್ದರೆ ಪಟ್ಟಿಯಲ್ಲಿ 179ನೇ ಮೆಟ್ಟಿಲಿನಲ್ಲಿ ನಿಂತಿದ್ದ ಆಲ್ಬಂ ನನ್ನ ಹಾಸ್ಟೆಲಿಗೆ ಬರ್ತಾ ಇತ್ತಾ? ಖಂಡಿತ ಇಲ್ಲ. ಅಂದ ಹಾಗೆ ಪಿಚ್‌ಫೋರ್ಕಿನಲ್ಲಿ 9.4 ಕೊಟ್ಟವನು ಯಾರು ಅಂತ ಹುಡುಕಿದಾಗ ನನಗೆ ಬಹಳ ಖುಷಿಯಾಯ್ತು. ರಾಲಿ ಪೆಂಬರ್ಟನ್, ಕೆನಡಾದ ಎಡ್ಮಂಟನ್ನಿನವನು, ಆಗ ಬರೀ ಹದಿನೆಂಟು ವರ್ಷ. ಮುಂದೆ ಕೇಡೆನ್ಸ್ ವೆಪನ್ ಅನ್ನೋ ಹೆಸರಿನಲ್ಲಿ ತಾನೇ ರ‍್ಯಾಪರ್ ಆಗಿ ಹೆಸರು ಮಾಡಿದ. ಅಂದರೆ ಆ ಅಂಕ ಕೊಟ್ಟದ್ದು ಮನೆಯವನೇ. ಕಸುಬಿನ ಮೇಲೆ ಕಣ್ಣಿದ್ದ ಹುಡುಗ. ಅಂಕ ಎಲ್ಲರಿಗೂ ನೆನಪಿದೆ, ಬರೆದವನು ಯಾರು ಅಂತ ಯಾರೂ ಕೇಳಲ್ಲ.

ಮ್ಯಾಡ್‌ಲಿಬ್ ಬಗ್ಗೆ ಕಡಿಮೆ ಬರೆದೆ ಅಂತ ಗೊತ್ತು. ಅವನಿಗೆ ಬೇರೆ ಪೋಸ್ಟೇ ಬೇಕು. 2007ರಲ್ಲಿ ‘ಬೀಟ್ ಕಂಡಕ್ಟಾ ಇನ್ ಇಂಡಿಯಾ’ ಅಂತ ಒಂದು ಮಾಡಿದ್ದಾನೆ, ನಮ್ಮ ದೇಶದ ಹಳೇ ಸಿನಿಮಾ ಸಂಗೀತವನ್ನ ಕತ್ತರಿಸಿ ಜೋಡಿಸಿದ್ದು. ಅದನ್ನ ಕೇಳಿ ನಮ್ಮಮ್ಮ “ಇದೇನೋ ರೇಡಿಯೋ ಸ್ಟೇಷನ್ ಸರಿಯಾಗಿ ಸಿಗ್ತಾ ಇಲ್ವಾ?” ಅಂದರು. ನನ್ನ ಮಟ್ಟಿಗೆ ಮ್ಯಾಡ್‌ಲಿಬ್ ಬಗ್ಗೆ ಬಂದ ಅತ್ಯಂತ ಪ್ರಾಮಾಣಿಕ ವಿಮರ್ಶೆ ಇದೇ :-)

ಡೂಮ್ ತೀರಿಕೊಂಡದ್ದು 2020ರ ಅಕ್ಟೋಬರ್ 31ರಂದು, ಇಂಗ್ಲೆಂಡಿನ ಲೀಡ್ಸ್‌ನಲ್ಲಿ. ವಯಸ್ಸು 49. ಜಗತ್ತಿಗೆ ಗೊತ್ತಾದದ್ದು ಎರಡು ತಿಂಗಳ ನಂತರ, ಡಿಸೆಂಬರ್ 31ಕ್ಕೆ, ಹೆಂಡತಿ ತಿಳಿಸಿದಾಗ. ಹೊಸ ವರ್ಷದ ಆ ರಾತ್ರಿ ಫೋನಿನ ತುಂಬಾ ಮುಖವಾಡದ ಚಿತ್ರಗಳು. ಆಮೇಲೆ ವಾರಗಟ್ಟಲೆ ಬಂದ ಶ್ರದ್ಧಾಂಜಲಿಗಳಲ್ಲೂ ಮುಖವಾಡವೇ ಮುಖವಾಡ. ಯಾಕೆ ಹಾಕಿದ, ಯಾವಾಗ ಹಾಕಿದ, ಒಳಗೆ ಎಂಥ ನೋವಿತ್ತು, ಹೀಗೆ. ಕೇಳುವವರು ಮುಖ ನೋಡೋದು ಬಿಟ್ಟು ಮಾತು ಕೇಳಲಿ ಅನ್ನೋದೇ ಮುಖವಾಡದ ಉದ್ದೇಶ ಅಂತ ಅವನು ಬದುಕಿದ್ದಾಗ ಮತ್ತೆ ಮತ್ತೆ ಹೇಳ್ತಿದ್ದ. ಇನ್ನೇನು ಹೇಳೋದು.

ಶನಿವಾರದ ಗೆಳೆಯನಿಗೆ ಮಾರನೇ ದಿನ ಎಕ್ಸೆಲ್ ಶೀಟು ಕಳಿಸಿದೆ. “ಇದೇನು ಪ್ರಾಜೆಕ್ಟ್ ಪ್ಲಾನಾ?” ಅಂತ ಕೇಳಿದ. ವಿವರಿಸಿದೆ. ಸಂಜೆವರೆಗೂ ಸುದ್ದಿ ಇಲ್ಲ. ರಾತ್ರಿ ಹನ್ನೊಂದೂವರೆಗೆ ಒಂದು ಮೆಸೇಜು: “ಎಂಟನೇ ರೋನಲ್ಲಿ ಎರಡು ಸೆಲ್ ಬಿಟ್ಟಿದೀಯ, ಅಲ್ಲೂ ಹಳದಿ ಬರ್ಬೇಕು.” ಹೆಡ್‌ಫೋನ್ ಹಾಕ್ಕೊಂಡು ಮತ್ತೆ ಕೇಳಿದೆ. ಹೌದು, ಬರಬೇಕು.

ಬಳಿದಿದ್ದೀನಿ. ‘ಫಿಗರೋ’ ಹಾಡಿನ ಶೀಟು ಮಾತ್ರ ಅರ್ಧಕ್ಕೇ ನಿಂತಿದೆ, ಬಣ್ಣಗಳೇ ಸಾಲ್ತಾ ಇಲ್ಲ. ಯಾರಿಗಾದರೂ ಪುರುಸೊತ್ತಿದ್ದರೆ ಹೇಳಿ, ಕಳಿಸಿಕೊಡ್ತೀನಿ.